ಜೋಳದ ಢೋಕಳಿ ಕೊನೆಗೂ ಒಡೆಯದೆ ನಿಂತಿತು

ದಾಲ್ ಢೋಕಳಿಯನ್ನು ಜೋಳದ ಹಿಟ್ಟಿನಲ್ಲಿ ಮಾಡೋಕಾಗಲ್ಲ ಎಂದು ನನಗೆ ಹೇಳದವರಿಲ್ಲ. ಕೆಳಗಿನ ಮನೆಯ ಗುಜರಾತಿ ಬೆನ್ (ಅವರಲ್ಲಿ ಅಕ್ಕನಿಗೆ ಹಾಗನ್ನುತ್ತಾರೆ) ನಕ್ಕರು. ನಮ್ಮತ್ತೆಯವರಂತೂ ಪಾತ್ರೆಯೊಳಗೆ ಬಗ್ಗಿ ನೋಡಿ, "ಏನವಾ ಇದು, ಸಾರೋ ಅಂಬಲಿಯೋ?" ಅಂದರು. ಈಗ ಅದೇ ಅತ್ತೆ ವಾರಕ್ಕೊಮ್ಮೆ ಕೇಳಿ ಮಾಡಿಸಿಕೊಳ್ಳುತ್ತಾರೆ. ಅದಕ್ಕೇ ಬರೆಯುತ್ತಿದ್ದೇನೆ.

ಹುಬ್ಬಳ್ಳಿಯಲ್ಲಿ ಗುಜರಾತಿ, ಮಾರವಾಡಿ ಮನೆಗಳ ಪಕ್ಕ ಬೆಳೆದವರಿಗೆ ಈ ಅಡಿಗೆ ಹೊಸದಲ್ಲ. ಕುದಿಯುವ ತೊಗರಿಬೇಳೆಗೆ ಗೋಧಿ ಹಿಟ್ಟಿನ ಹಸಿ ತುಂಡು ಬಿಡುತ್ತಾರೆ. ಜೊತೆಗೆ ಶೇಂಗಾ, ಬೆಲ್ಲ, ಕೋಕಂ. ರಾತ್ರಿ ಊಟ ಒಂದೇ ಪಾತ್ರೆಯಲ್ಲಿ ಮುಗಿಯಿತು. ನನಗೆ ಹಿಡಿಸಿದ್ದು ಅದೇ. ಆದರೆ ನಮ್ಮನೆಯವರಿಗೆ ಜೋಳ ಇಲ್ಲದಿದ್ದರೆ ಊಟ ಮಾಡಿದ ಹಾಗೇ ಆಗುವುದಿಲ್ಲ. ಹನ್ನೊಂದು ಗಂಟೆಗೆ ಎದ್ದು ಚುರುಮುರಿ ಡಬ್ಬಿ ಹುಡುಕುತ್ತಾರೆ.

ಮೊದಲು ತಣ್ಣೀರಲ್ಲಿ ಕಲಸಿ ಬಿಟ್ಟೆ. ಎರಡು ಕುದಿ ಬರುವುದರೊಳಗೆ ಎಲ್ಲ ಕರಗಿತು. ಜೋಳಕ್ಕೆ ಗೋಧಿಯ ಜಿಗುಟಿಲ್ಲ, ಗೊತ್ತಿದ್ದದ್ದೇ. ಆಮೇಲೆ ರೊಟ್ಟಿಗೆ ಮಾಡುವ ಹಾಗೆ ಎಸರಿಟ್ಟು ನಾದಿದೆ. ತುಂಡೇನೋ ನಿಂತಿತು, ಅಂಚು ಬಿಚ್ಚಿಕೊಂಡು ಬೇಳೆಯೆಲ್ಲ ಗಂಜಿ. ಅರ್ಧಕ್ಕರ್ಧ ಗೋಧಿ ಬೆರೆಸಿದಾಗ ಒಡೆಯಲಿಲ್ಲ, ಆದರೆ ಜೋಳದ ರುಚಿಯೇ ಮಾಯ. ಹಾಗಿದ್ದರೆ ಬೆನ್ ಮಾಡಿದ್ದನ್ನೇ ತಿನ್ನಬಹುದಲ್ಲ! ಆಗ ತೊಗರಿಬೇಳೆ ಕಿಲೋಗೆ 160-170 ರೂಪಾಯಿ ಇದ್ದ ನೆನಪು. ಹತ್ತಿರ ಹತ್ತಿರ ಎರಡು ಕಿಲೋ ಹೀಗೇ ಹೋಯಿತು. ಓಣಿಯ ಹಿಂದೆ ಎಮ್ಮೆ ಸಾಕಿದವರಿಗೆ ಕೊಡುತ್ತಿದ್ದೆ. ಎಮ್ಮೆ ಒಂದೇ ಹೆಸರಿಡದೆ ತಿಂದದ್ದು.

ದಾರಿ ಸಿಕ್ಕಿದ್ದು ನಮ್ಮದೇ ಮೆಂತ್ಯ ಕಡುಬಿನಲ್ಲಿ. ನಮ್ಮ ಮನೆಯಲ್ಲಿ ಕಡುಬನ್ನು ಮೊದಲು ಬೇಯಿಸಿಕೊಂಡು ಆಮೇಲೆ ಪಲ್ಯಕ್ಕೆ ಹಾಕುತ್ತೇವೆ. ಢೋಕಳಿಗೂ ಅದನ್ನೇ ಮಾಡಿದೆ. ಹಸಿ ತುಂಡು ಬೇಳೆ ಮುಟ್ಟಲೇಬಾರದು, ಅಷ್ಟೇ ವಿಷಯ.

ಮಾಲದಂಡಿ ಬಿಳಿಜೋಳದ ಹಿಟ್ಟು, ಬೀಸಿಸಿ ನಾಲ್ಕೈದು ದಿನದೊಳಗಿನದು. ಒಂದೂವರೆ ವಾಟಿ ಜೋಳಕ್ಕೆ ಒಂದು ಹಿಡಿ ಗೋಧಿ ಹಿಟ್ಟು, ಅಜವಾನ, ಉಪ್ಪು. ಕುದಿಯುವ ಎಸರು ಸುರಿದು ಬಿಸಿ ಇರುವಾಗಲೇ ನಾದಬೇಕು. ಎಸರಿಗೆ ಇನ್ನೊಂದು ಸಾಮಾನು ಹಾಕುತ್ತೇನೆ, ಅದನ್ನು ಬೆನ್‌ಗೂ ಹೇಳಿಲ್ಲ. ಚಪಾತಿಗಿಂತ ದಪ್ಪ, ಥಾಲಿಪೀಟಿಗಿಂತ ತೆಳ್ಳಗೆ ತಟ್ಟಿ ಶಂಕರಪೋಳಿ ಹಾಗೆ ಕತ್ತರಿಸಿ. ಬೇರೆ ಗ್ಯಾಸ್ ಸುಡಬೇಡಿ. ಬೇಳೆ ಕುದಿಯುವ ಪಾತ್ರೆಯ ಮೇಲೇ ತೂತಿನ ತಟ್ಟೆ ಇಟ್ಟು ಮುಚ್ಚಿ. ಎಂಟು-ಹತ್ತು ನಿಮಿಷದ ಹಬೆ ಸಾಕು. ಆಮೇಲೆ ತುಂಡು ಪೂರ್ತಿ ಆರಬೇಕು. ಅವಸರ ಮಾಡಿದರೆ ಮತ್ತೆ ಅಂಬಲಿ. ಬಡಿಸುವ ಐದು ನಿಮಿಷ ಮೊದಲು ಬೇಳೆಗೆ ಬಿಟ್ಟು ಸೌಟು ಆಡಿಸದೆ ಪಾತ್ರೆಯನ್ನೇ ಅಲುಗಿಸಿ. ಬೇಳೆ ಕಟ್ಟಿನ ಸಾರಿನಷ್ಟು ತೆಳ್ಳಗಿರಲಿ, ಜೋಳ ನೀರು ಕುಡಿಯುತ್ತದೆ.

ಖಾರದ್ದು ಇನ್ನೊಂದು ಕತೆ. ನಮ್ಮ ಮಸಾಲಿ ಖಾರ ಹಾಕಿದರೆ ಬೆಲ್ಲದ ಜೊತೆ ಜಗಳಕ್ಕೆ ನಿಲ್ಲುತ್ತದೆ. ಪೇಟೆಯ ಒಂದು ಅಂಗಡಿಯಲ್ಲಿ ಅಗ್ಗಕ್ಕೆ ಸಿಕ್ಕ ಖಾರಪುಡಿ ಬರೀ ಬಣ್ಣ ಬಿಟ್ಟಿತು, ವಾಸನೆಯೇ ಇಲ್ಲ. ಈಗ ಬ್ಯಾಡಗಿಯ ಡಬ್ಬಿ ಮೆಣಸಿನಕಾಯಿಯನ್ನೇ ತರುತ್ತೇನೆ. ಬ್ಯಾಡಗಿಯದೇ ಇನ್ನೊಂದು ಜಾತಿಯಾದ ಕಡ್ಡಿ ಕಾಯಿಗಿಂತ ಗುಂಡಗೆ, ಖಾರ ಕಡಿಮೆ, ಬಣ್ಣ ಜಾಸ್ತಿ. 2011ರಲ್ಲಿ ಜಿಐ ಗುರುತು, ಅಂದರೆ ಈ ಸೀಮೆಯದೇ ಬೆಳೆ ಎಂಬ ಸರ್ಕಾರಿ ಮುದ್ರೆ, ಸಿಕ್ಕ ಬ್ಯಾಡಗಿ ಕಾಯಿ ಅದು. ರೇಟು ಕೇಳಿದರೆ ಎದೆ ಧಸಕ್ ಅನ್ನುತ್ತದೆ, ಆದರೆ ನಾಲ್ಕು ಕಾಯಿ ನೆನೆಸಿ ಅರೆದರೆ ಒಂದು ಪಾತ್ರೆಗೆ ಸಾಕು. ಒಗ್ಗರಣೆಗೆ ಬಳ್ಳೊಳ್ಳಿ ಜಜ್ಜಿ ಹಾಕುತ್ತೇನೆ. ಬೆನ್ ಮನೆಯಲ್ಲಿ ಬಳ್ಳೊಳ್ಳಿ ಒಳಗೇ ಬರಲ್ಲ, ಅವರಿಗೆ ಕೊಡುವಾಗ ಇಂಗು.

ನಡುವೆ ಸುಮ್ನೆ ಏನೇನೋ ಮಾಡಿ ನೋಡಿದೆ. ಗುರೆಳ್ಳು ಪುಡಿ ಕುದಿಸಿದರೆ ಬೇಳೆ ಬೂದಿ ಬಣ್ಣಕ್ಕೆ ತಿರುಗುತ್ತದೆ, ತಾಟಿಗೆ ಬಡಿಸಿದ ಮೇಲೆ ಉದುರಿಸಿಕೊಂಡರೆ ಬಹಳ ಚಲೋ. ಸಜ್ಜೆ ಹಿಟ್ಟು ತುಸು ಹಳೆಯದಾದರೂ ಕಹಿ, ಬಿಟ್ಟೆ. ಕೋಕಂ ಬದಲು ಹುಣಸೆ ಹಾಕಿದರೆ ಪಕ್ಕಾ ನಮ್ಮ ಸಾರೇ ಆಗುತ್ತದೆ, ಗುಜರಾತ್ ಮಾಯ. ಮಡಕಿ ಕಾಳಿನದು ಇನ್ನೂ ನಡೆಯುತ್ತಿದೆ.

ಐದು ಜನರ ಊಟಕ್ಕೆ ಗ್ಯಾಸ್ ಬಿಟ್ಟು 80 ರೂಪಾಯಿ ಆಸುಪಾಸು ಬೀಳುತ್ತದೆ, ತುಪ್ಪ ಬೇರೆ. ಉಳಿದರೆ ತುಂಡನ್ನು ಬೇಳೆಯಲ್ಲಿ ಬಿಡಬೇಡಿ, ತೆಗೆದಿಡಿ. ಬೆಳಿಗ್ಗೆ ಉಳ್ಳಾಗಡ್ಡಿ ಒಗ್ಗರಣೆಯಲ್ಲಿ ಹುರಿದರೆ ನಾಷ್ಟಾ. ಪರಿಚಯದ ಖಾನಾವಳಿಯವರು ಶನಿವಾರಕ್ಕೆ 40 ತಾಟು ಮಾಡಿಕೊಡಿ ಅನ್ನುತ್ತಿದ್ದಾರೆ. ತಾಟಿಗೆ 50 ಕೊಡುತ್ತಾರಂತೆ. ನಾನು 70 ಅಂದಿದ್ದೇನೆ.