ರೂಟ್ ಮಾಡಿದ ಫೋನಲ್ಲಿ ಆ್ಯಪ್ ತಿದ್ದೋದು: ನಾನು ಮಾಡ್ಕೊಂಡಿರೋ ರೀತಿ

ನನ್ನತ್ರ 2018ರ ಪೋಕೋ ಎಫ್1 ಫೋನ್ ಇದೆ, ಬೂಟ್‌ಲೋಡರ್ (ಫೋನ್ ಆನ್ ಆಗುವಾಗ ಸಿಸ್ಟಮ್ ಶುರು ಮಾಡೋ ಪ್ರೋಗ್ರಾಮ್) ಅನ್‌ಲಾಕ್ ಮಾಡಿ, ರೂಟ್ ಅಂದ್ರೆ ಫೋನಿನ ಪೂರ್ತಿ ಹಿಡಿತ ಕೊಡೋ ಮ್ಯಾಜಿಸ್ಕ್ ಅನ್ನೋ ಟೂಲ್ ಹಾಕಿದೀನಿ. ರೂಟ್ ಅಂದ ತಕ್ಷಣ ಜನ ಕೇಳೋದು ಲಕ್ಕಿ ಪ್ಯಾಚರ್ ಅನ್ನೋ ಟೂಲ್ ಬಗ್ಗೆನೇ, ದುಡ್ಡು ಕೊಡ್ದೆ ಪ್ರೊ ವರ್ಶನ್ ಸಿಗುತ್ತಾ ಅಂತ. ಒಬ್ರೇ ಕೂತು ಬರೆದಿರೋ ಎಷ್ಟೋ ಆ್ಯಪ್‌ಗಳಿವೆ, ಅವರ ದುಡ್ಡು ತಪ್ಸೋಕೆ ನಾನು ಇದನ್ನ ಬಳಸಲ್ಲ. ಸರ್ವರಲ್ಲೇ ಖರೀದಿ ಚೆಕ್ ಮಾಡೋ ಆ್ಯಪಲ್ಲಿ ಅದು ನಡೆಯೋದೂ ಇಲ್ಲ.

ನನಗೆ ಬೇಕಿದ್ದಿದ್ದು ಬೇರೆ. ಬಿಲ್ ಸ್ಕ್ಯಾನ್ ಮಾಡೋ ಒಂದು ಆ್ಯಪ್ ಕಾಂಟ್ಯಾಕ್ಟ್ಸ್ ಪರ್ಮಿಶನ್ ಕೊಡ್ದೆ ಓಪನ್ನೇ ಆಗ್ತಿರ್ಲಿಲ್ಲ, ಅದಕ್ಕೆ ಎಲ್‌ಎಸ್‌ಪೋಸ್ಡ್ (ಓಡ್ತಿರೋ ಆ್ಯಪಿನ ನಡವಳಿಕೆ ಬದಲಾಯಿಸೋಕೆ ಮ್ಯಾಜಿಸ್ಕ್‌ಗೆ ಸೇರಿಸೋ ಮಾಡ್ಯೂಲ್) ಹಾಕಿ, ಅದರ ಮೇಲೆ ಓಡೋ ಎಕ್ಸ್‌ಪ್ರೈವಸಿ ಲುವಾದಲ್ಲಿ ಆ ಆ್ಯಪ್ ಒಂದನ್ನೇ ಟಿಕ್ ಮಾಡ್ದೆ, ಈಗ ಅದು ಕಾಂಟ್ಯಾಕ್ಟ್ಸ್ ಕೇಳಿದ್ರೆ ಖಾಲಿ ಪಟ್ಟಿ ಸಿಗುತ್ತೆ, ಸ್ಕ್ಯಾನ್ ಕೆಲಸ ಆರಾಮಾಗಿ ಮಾಡುತ್ತೆ.

ಇಲ್ಲಿ ಎಪಿಕೆ ಫೈಲನ್ನ, ಅಂದ್ರೆ ಆ್ಯಪ್ ಇನ್‌ಸ್ಟಾಲ್ ಆಗೋ ಫೈಲನ್ನ, ಮುಟ್ಟೇ ಇಲ್ಲ ನೋಡಿ, ಬದಲಾವಣೆ ಎಲ್ಲಾ ಆ್ಯಪ್ ಓಡ್ತಿರುವಾಗ ಮೆಮೊರಿಯಲ್ಲಿ ಮಾತ್ರ. ಎಪಿಕೆಯನ್ನೇ ತಿದ್ದಿ ಹೊಸದಾಗಿ ಕಟ್ಟಿದ್ರೆ ಆ್ಯಪ್ ಅವರದ್ದೇ ಅಂತ ತೋರಿಸೋ ಡೆವಲಪರ್ ಸಿಗ್ನೇಚರ್ ಹೋಗುತ್ತೆ, ತಿದ್ದಿದ ಟೂಲು ತನ್ನ ಕೀ ಹಾಕಿ ಸೈನ್ ಮಾಡುತ್ತೆ, ಆಮೇಲೆ ಪ್ಲೇ ಸ್ಟೋರಿನ ಅಪ್‌ಡೇಟ್ ಅದರ ಮೇಲೆ ಕೂರಲ್ಲ, ಸೆಕ್ಯುರಿಟಿ ಫಿಕ್ಸ್‌ಗಳೂ ಬರಲ್ಲ. ಇದಕ್ಕೆ ಕೆಲವರು ಸಿಸ್ಟಮ್ಮಿನ ಸಿಗ್ನೇಚರ್ ಚೆಕ್ಕನ್ನೇ ಆಫ್ ಮಾಡ್ಕೊತಾರೆ. ದಯವಿಟ್ಟು ಇದೊಂದು ಬೇಡ. ಆ ಚೆಕ್ ಇಲ್ದಿದ್ರೆ ಅದೇ ಪ್ಯಾಕೇಜ್ ಹೆಸರಿಟ್ಕೊಂಡ ಯಾವ ಎಪಿಕೆ ಬೇಕಾದ್ರೂ ಅಪ್‌ಡೇಟ್ ಥರ ಬಂದು ಕೂತು ಹಳೇ ಆ್ಯಪಿನ ಲಾಗಿನ್, ಮೆಸೇಜು, ಡೇಟಾ ಎಲ್ಲಾ ಓದ್ಬಹುದು, ಮನೆ ಬೀಗ ತೆಗೆದಿಟ್ಟು ಊರಿಗೆ ಹೋದಂಗೆ ಅದು.

ಆ್ಯಡ್‌ಗೆ ಆ್ಯಡ್‌ಅವೇ ಸಾಕು, ಹೋಸ್ಟ್ಸ್ ಫೈಲಲ್ಲೇ (ಯಾವ ವೆಬ್ ವಿಳಾಸ ಎಲ್ಲಿಗೆ ಹೋಗ್ಬೇಕು ಅಂತ ಹೇಳೋ ಫೈಲು) ತಡೆಯುತ್ತೆ. ಇಂಟರ್ನೆಟ್ ಬೇಡದ ಆ್ಯಪ್‌ಗಳಿಗೆ ನೆಟ್ ಕಟ್ ಮಾಡೋಕೆ ಎಎಫ್‌ವಾಲ್ ಅನ್ನೋ ಫೈರ್‌ವಾಲ್.

ಶುರು ಮಾಡೋರು ಎರಡು ವಿಷಯ ನೆನಪಿಟ್ಕೊಳ್ಳಿ. ಬೂಟ್‌ಲೋಡರ್ ಅನ್‌ಲಾಕ್ ಮಾಡಿದ್ರೆ ಫೋನಲ್ಲಿರೋದೆಲ್ಲಾ ಅಳಿಸಿ ಹೋಗುತ್ತೆ, ಮೊದ್ಲು ಬ್ಯಾಕಪ್. ಮತ್ತೆ ತಿದ್ದದ ಬೂಟ್ ಇಮೇಜ್ (ಫೋನ್ ಶುರುವಾಗೋಕೆ ಬೇಕಾದ ಫೈಲು, ಮ್ಯಾಜಿಸ್ಕ್ ಹಾಕುವಾಗ ಪ್ಯಾಚ್ ಮಾಡೋದು ಇದನ್ನೇ) ಲ್ಯಾಪ್‌ಟಾಪಲ್ಲಿ ಇರ್ಲಿ, ಪ್ಯಾಚ್ ಮಾಡಿದ್ದು ಕೈಕೊಟ್ರೆ ಫಾಸ್ಟ್‌ಬೂಟಲ್ಲಿ (ಲ್ಯಾಪ್‌ಟಾಪಿಂದ ಫೋನಿಗೆ ಫೈಲ್ ಬರೆಯೋ ಮೋಡ್) ಅದನ್ನೇ ವಾಪಸ್ ಫ್ಲ್ಯಾಶ್ ಮಾಡ್ಬಹುದು. ಯಾವ್ದೋ ಮಾಡ್ಯೂಲಿಂದ ಬೂಟ್‌ಲೂಪ್ ಆದ್ರೆ, ಅಂದ್ರೆ ಫೋನ್ ಪೂರ್ತಿ ಆನ್ ಆಗದೆ ಪದೇ ಪದೇ ರೀಸ್ಟಾರ್ಟ್ ಆಗ್ತಿದ್ರೆ, ಸೇಫ್ ಮೋಡಲ್ಲಿ ಒಂದ್ಸಲ ಆನ್ ಮಾಡಿ, ಮ್ಯಾಜಿಸ್ಕ್ ತನ್ನ ಮಾಡ್ಯೂಲ್‌ಗಳನ್ನೆಲ್ಲಾ ಆಫ್ ಮಾಡಿಬಿಡುತ್ತೆ.

ಬ್ಯಾಂಕು, ಯುಪಿಐ ಈ ಫೋನಲ್ಲಿ ಇಲ್ವೇ ಇಲ್ಲ. ಫೋನ್ ತಿದ್ದಿದ್ದಾರಾ ಅಂತ ಆ್ಯಪ್‌ಗಳಿಗೆ ಹೇಳೋ ಗೂಗಲ್‌ನ ಪ್ಲೇ ಇಂಟೆಗ್ರಿಟಿ ಚೆಕ್ಕಿಗೆ ರೂಟ್ ಕಾಣದ ಹಾಗೆ ಮುಚ್ಚಿಡೋ ದಾರಿಗಳಿವೆ, ಆದ್ರೆ ಇವತ್ತು ನಡೆದಿದ್ದು ನಾಳೆ ನಿಲ್ಲುತ್ತೆ, ಅಂಗಡಿ ಮುಂದೆ ನಿಂತು ಕ್ಯೂಆರ್ ಸ್ಕ್ಯಾನ್ ಮಾಡುವಾಗ ಆ ತಲೆನೋವು ಯಾಕೆ. ಅದಕ್ಕೆ ಬೂಟ್‌ಲೋಡರ್ ಲಾಕ್ ಇರೋ ಬೇರೆ ಫೋನ್ ಇದೆ.

ಇನ್ನು ರೂಟ್ ಪರ್ಮಿಶನ್, ಕೊಟ್ಟಿದ್ದು ಯಾವ ಆ್ಯಪಿಗೆ ಅನ್ನೋದರ ಮೇಲೇ ಎಲ್ಲಾ ನಿಂತಿರೋದು, ಸಿಕ್ಕಿದ್ರೆ ಅದು ಫೋನಲ್ಲಿ ಏನು ಬೇಕಾದ್ರೂ ಓದುತ್ತೆ. ಹೊಸ ಟೂಲ್ ಕೇಳಿದಾಗ ನಾನು ಶಾಶ್ವತವಾಗಿ ಕೊಡಲ್ಲ, 10 ನಿಮಿಷ ಅಷ್ಟೇ, ಆಮೇಲೆ ಮ್ಯಾಜಿಸ್ಕ್ ಲಾಗ್ ತೆಗೆದು ಯಾವ ಆ್ಯಪ್ ಯಾವಾಗ ರೂಟ್ ತಗೊಂಡಿದೆ ಅಂತ ನೋಡ್ತೀನಿ.