ತೇಲುವ ದ್ವೀಪಸಮೂಹವೊಂದನ್ನು ಕಲ್ಪಿಸಿಕೊಳ್ಳುವ ಬಗೆ

ಕಥೆಗಾಗಿಯೋ ಆಟಕ್ಕಾಗಿಯೋ ತೇಲುವ ದ್ವೀಪಸಮೂಹವೊಂದನ್ನು ಸೃಷ್ಟಿಸಲು ಹೊರಟವರಲ್ಲಿ ಹೆಚ್ಚಿನವರು ಮೊದಲು ನಕ್ಷೆ ಬರೆಯಲು ಕೂರುತ್ತಾರೆ. ಅಂಕುಡೊಂಕಾದ ದಡ, ನಡುವೆ ಒಂದು ಬೆಟ್ಟ, ಅಂಚಿನಲ್ಲಿ ಒಂದು ಬಂದರು ಇಷ್ಟನ್ನು ಬರೆದ ಮೇಲೆ ‘ಇದು ತೇಲುತ್ತದೆ’ ಎಂದು ಸೇರಿಸಿದರೆ, ಆ ದ್ವೀಪ ಹೆಸರಿಗಷ್ಟೇ ತೇಲುತ್ತದೆ. ನಕ್ಷೆಯನ್ನು ಬದಿಗಿಟ್ಟು, ನೆಲ ಯಾವುದರಿಂದ ಆಗಿದೆ ಮತ್ತು ಅದನ್ನು ನೀರಿನ ಮೇಲೆ ಹಿಡಿದಿರುವುದು ಯಾವುದು ಎಂಬುದನ್ನು ಮೊದಲು ನಿರ್ಧರಿಸಬೇಕು. ಆಕಾಶದಲ್ಲಿ ತೇಲುವ ದ್ವೀಪಗಳ ಮಾತು ಬೇರೆ; ಅಲ್ಲಿ ಮಂತ್ರವೇ ಆಧಾರವಾದ್ದರಿಂದ ಇಲ್ಲಿ ನೀರಿನ ಮೇಲಿನವುಗಳನ್ನಷ್ಟೇ ನೋಡೋಣ.

ನೆಲಕ್ಕೆ ಮಾದರಿಗಳು ನಿಜ ಜಗತ್ತಿನಲ್ಲೇ ಇವೆ. ದಕ್ಷಿಣ ಅಮೆರಿಕದ, ಸಮುದ್ರಮಟ್ಟದಿಂದ ಸುಮಾರು 3,800 ಮೀಟರ್ ಎತ್ತರದ ಟಿಟಿಕಾಕಾ ಸರೋವರದಲ್ಲಿ ಉರೊ ಜನರು ಟೊಟೊರಾ ಎಂಬ ಜೊಂಡಿನ ಬೇರಿನ ಗಡ್ಡೆಗಳನ್ನು ಜೋಡಿಸಿ ಕಟ್ಟಿ, ಅದರ ಮೇಲೆ ಜೊಂಡನ್ನು ಅಡ್ಡಡ್ಡ ಹಾಸಿ ನಡುಗಡ್ಡೆ ಮಾಡಿಕೊಳ್ಳುತ್ತಾರೆ. ಕೆಳಗಿನದು ಕೊಳೆಯುತ್ತ ಹೋದಂತೆ ಮೇಲೆ ಹೊಸದನ್ನು ಹಾಸುತ್ತಲೇ ಇರಬೇಕು. ಮಣಿಪುರದ ಲೋಕ್‌ಟಾಕ್ ಸರೋವರದ ‘ಫುಮ್ಡಿ’ಗಳು ಬೇರು, ಮಣ್ಣು ಮತ್ತು ಕೊಳೆತ ಸಸ್ಯಗಳು ಹೆಣೆದುಕೊಂಡು ತಾವಾಗಿ ಆದವು. 2012ರಲ್ಲಿ ನ್ಯೂಜಿಲೆಂಡಿನ ಈಶಾನ್ಯಕ್ಕೆ ಸಾಗರತಳದ ಜ್ವಾಲಾಮುಖಿಯೊಂದು ಸಿಡಿದಾಗ ತೇಲುವ ಕಲ್ಲಿನ ಹಾಸು ನೂರಾರು ಚದರ ಕಿಲೋಮೀಟರ್ ಹರಡಿತ್ತು, ಆದರೆ ಕಲ್ಲುಗಳನ್ನು ಬಂಧಿಸುವ ಬೇರುಗಳಿಲ್ಲದೆ ಚದುರಿಹೋಯಿತು. ಆದ್ದರಿಂದ ತೇಲುವ ವಸ್ತುವಿನಷ್ಟೇ ಮುಖ್ಯವಾಗಿ ಅದನ್ನು ಕಟ್ಟಿಹಿಡಿಯುವ ವಸ್ತುವನ್ನೂ ಆರಿಸಿಕೊಳ್ಳಬೇಕು.

ಮುಂದಿನದು ಲೆಕ್ಕ, ಮತ್ತು ಇದನ್ನು ತಪ್ಪಿಸಿಕೊಂಡವರು ಆಮೇಲೆ ಪೇಚಿಗೆ ಸಿಲುಕುತ್ತಾರೆ. ಸಮುದ್ರದ ಒಂದು ಘನ ಮೀಟರ್ ನೀರು ಸುಮಾರು 1,025 ಕಿಲೋಗ್ರಾಂ ತೂಗುತ್ತದೆ. ದ್ವೀಪದ ಸರಾಸರಿ ಸಾಂದ್ರತೆ ಘನ ಮೀಟರಿಗೆ 700 ಕಿಲೋಗ್ರಾಂ ಎಂದಿಟ್ಟುಕೊಂಡರೆ, ಹತ್ತು ಮೀಟರ್ ದಪ್ಪದ ಹಾಸಿನಲ್ಲಿ ಆರೂಮುಕ್ಕಾಲು ಮೀಟರಿಗೂ ಹೆಚ್ಚು ಮುಳುಗಿಯೇ ಇರುತ್ತದೆ. ಅದರ ಮೇಲೆ 30 ಸೆಂಟಿಮೀಟರ್ ಮಣ್ಣು ತುಂಬಿಸಿದರೆ, ಮಣ್ಣು ಘನ ಮೀಟರಿಗೆ 1,500 ಕಿಲೋಗ್ರಾಂ ತೂಗುವುದಾದರೆ, ಇಡೀ ದ್ವೀಪ ಇನ್ನೂ 44 ಸೆಂಟಿಮೀಟರ್ ಕೆಳಗಿಳಿಯುತ್ತದೆ. ನಾನು ಮೊದಲು ಕಲ್ಪಿಸಿದ ಸಮೂಹದಲ್ಲಿ ಕಲ್ಲಿನ ಕೋಟೆಯೊಂದಿತ್ತು. ಲೆಕ್ಕ ಹಾಕಿ ನೋಡಿದಾಗ ಕೋಟೆಯ ಅಂಗಳದಲ್ಲಿ ಮೀನು ಹಿಡಿಯಬಹುದಾಗಿತ್ತು. ಇಂಥ ನೆಲದಲ್ಲಿ ಶ್ರೀಮಂತಿಕೆ ಭಾರವಾದ ಮನೆಯಲ್ಲಿ ಕಾಣುವುದಿಲ್ಲ, ಹಗುರವಾದ ಮನೆಯಲ್ಲಿ ಕಾಣುತ್ತದೆ. ಕಲ್ಲನ್ನು ತರುವವನು ಅಪರಾಧಿಯಾಗುತ್ತಾನೆ, ಕಂದಾಯವನ್ನು ತೂಕದ ಮೇಲೆ ಹಾಕುವುದು ಸಹಜವಾಗುತ್ತದೆ.

ಕುಡಿಯುವ ನೀರನ್ನು ಮರೆಯುವುದು ಸುಲಭ. ಹವಳದ ದ್ವೀಪಗಳಲ್ಲಿ ಮಳೆಯ ಸಿಹಿನೀರು ಬಂಡೆಯ ಸಂದುಗಳೊಳಗೆ ಇಳಿದು ಉಪ್ಪುನೀರಿನ ಮೇಲೆ ಮಸೂರದ ಆಕಾರದಲ್ಲಿ ನಿಲ್ಲುತ್ತದೆ. ತೆಳ್ಳನೆಯ ತೇಲುಹಾಸಿನಲ್ಲಿ ಅದಕ್ಕೆ ಬೇಕಾದ ಆಳವಿಲ್ಲ. ಕಡಲಿನ ಮೇಲಾದರೆ ಮಳೆಯನ್ನು ಹಿಡಿದಿಡುವ ಏರ್ಪಾಟೇ ಊರಿನ ನಡುಭಾಗವಾಗಬೇಕು. ಋತುಗಳ ವಿಷಯದಲ್ಲಿ ಲೋಕ್‌ಟಾಕ್ ಕಲಿಸುವುದು ಬಹಳ. ಬೇಸಿಗೆಯಲ್ಲಿ ನೀರು ತಗ್ಗಿದಾಗ ಫುಮ್ಡಿಗಳು ಕೆರೆಯ ತಳವನ್ನು ಮುಟ್ಟಿ, ಬೇರುಗಳು ಅಲ್ಲಿಂದ ಸಾರವನ್ನು ಹೀರಿಕೊಂಡು ಮತ್ತೆ ಮೇಲೇಳುತ್ತಿದ್ದವು; 1983ರಲ್ಲಿ ಇಥಾಯ್ ಅಡ್ಡಗಟ್ಟೆ ಬಂದು ವರ್ಷವಿಡೀ ನೀರು ಎತ್ತರದಲ್ಲೇ ನಿಂತ ಮೇಲೆ ಅವು ತೆಳುವಾಗತೊಡಗಿದವು. ವರ್ಷಕ್ಕೊಮ್ಮೆ ನೆಲ ನೆಲವನ್ನು ಮುಟ್ಟುವ ಆ ದಿನಗಳಿಗಿಂತ ದೊಡ್ಡ ಹಬ್ಬವನ್ನು ಹೊಸದಾಗಿ ಹುಟ್ಟಿಸಬೇಕಾದ ಅಗತ್ಯವೇ ಇಲ್ಲ.

ದ್ವೀಪಗಳು ಲಂಗರು ಹಾಕಿವೆಯೋ ಅಲೆಯುತ್ತವೆಯೋ ಎಂಬುದನ್ನು ಈಗ ತೀರ್ಮಾನಿಸಬೇಕು. ಅಲೆಯುವುದಾದರೆ, ಸೆಕೆಂಡಿಗೆ 20 ಸೆಂಟಿಮೀಟರ್ ವೇಗದ ಮಂದ ಹರಿವೂ ದಿನಕ್ಕೆ ಸುಮಾರು 17 ಕಿಲೋಮೀಟರ್ ಸಾಗಿಸುತ್ತದೆ. ಸಮಭಾಜಕ ವೃತ್ತದ ಮೇಲೆ ಪೂರ್ವಕ್ಕೆ ತೇಲಿದರೆ ಒಂದು ವಾರದೊಳಗೆ ಒಂದು ರೇಖಾಂಶ ದಾಟುತ್ತದೆ, ಸೂರ್ಯೋದಯ ನಾಲ್ಕು ನಿಮಿಷ ಮುಂಚೆ ಆಗುತ್ತದೆ. ಉತ್ತರಾರ್ಧದಲ್ಲಿ ಧ್ರುವ ನಕ್ಷತ್ರವು ದಿಗಂತದಿಂದ ಎಷ್ಟು ಡಿಗ್ರಿ ಎತ್ತರದಲ್ಲಿದೆಯೋ ಸುಮಾರು ಅಷ್ಟೇ ಅಕ್ಷಾಂಶವಾದ್ದರಿಂದ, ಅದನ್ನು ರಾತ್ರಿ ಅಳೆಯುವವರಿಗೆ ಈ ಸಮಾಜದಲ್ಲಿ ಪುರೋಹಿತರ ಸ್ಥಾನ ಸಿಗಬಹುದು. ಹಾಸು ತಾನೇ ತಿರುಗುತ್ತದೆಯಾದರೆ ‘ಪೂರ್ವದ ಬಾಗಿಲು’ ಎಂಬ ಮಾತಿಗೆ ಅರ್ಥವಿಲ್ಲ. ಹವಾಯಿಯಲ್ಲಿ ಬೆಟ್ಟದ ಕಡೆಗೆ ‘ಮೌಕ’, ಕಡಲಿನ ಕಡೆಗೆ ‘ಮಕಾಯ್’ ಎನ್ನುವಂತೆ, ನಿಮ್ಮ ಜನರಿಗೂ ದ್ವೀಪಕ್ಕೆ ಅಂಟಿದ ದಿಕ್ಕುಗಳು ಬೇಕು. ನಕ್ಷೆಯೂ ಬೇರೆಯೇ ಆಗಬೇಕು. ಮಾರ್ಷಲ್ ದ್ವೀಪಗಳ ನಾವಿಕರು ಕಡ್ಡಿಗಳನ್ನು ಕಟ್ಟಿ ದ್ವೀಪಗಳ ಸುತ್ತ ಅಲೆಗಳು ಬಾಗುವ ರೀತಿಯನ್ನು ತೋರಿಸುತ್ತಿದ್ದರು, ನಿಮ್ಮ ನಕ್ಷೆಗೆ ಆ ದಾರಿ ಹೆಚ್ಚು ಹೊಂದುತ್ತದೆ.

ಆಸ್ತಿ, ಮದುವೆ, ಜಗಳ ಇವನ್ನೆಲ್ಲ ನೆಲದ ಸ್ವಭಾವದಿಂದಲೇ ಹೊರಡಿಸಿ. ಹಾಸನ್ನು ಹೊಸದು ಮಾಡುತ್ತಲೇ ಇರಬೇಕಾದಲ್ಲಿ ನೆಲ ಅಜ್ಜ ಬಿಟ್ಟುಹೋದದ್ದಲ್ಲ, ಕಳೆದ ತಿಂಗಳು ಹಾಸಿದವರದು. ದುಡಿಯಲಾರದ ಮುದುಕರ ಪಾಲನ್ನು ಯಾರು ಹಾಸುತ್ತಾರೆ ಎಂಬ ಪ್ರಶ್ನೆಗೆ ನೀವು ಕೊಡುವ ಉತ್ತರವೇ ಆ ಸಮಾಜದ ಮುಖವನ್ನು ತೋರಿಸುತ್ತದೆ. ಮದುವೆಯೆಂದರೆ ಎರಡು ಹಾಸುಗಳನ್ನು ಹೊಲಿಯುವುದು, ಬೇರೆಯಾಗುವುದೆಂದರೆ ಕೊಯ್ಯುವುದು, ಮತ್ತು ಕೊಯ್ದ ಗೆರೆಯಲ್ಲಿ ಎಲ್ಲರಿಗೂ ನೀರು ಕಾಣುತ್ತದೆ. ಸತ್ತವರನ್ನು ಹೂಳಲು ಆಳವಿಲ್ಲ, ಸುಡಲು ಕಟ್ಟಿಗೆಯೂ ಇಲ್ಲ. ಆದರೆ ತಳದ ಪದರಕ್ಕೆ ಕೊಳೆಯುವ ವಸ್ತು ಬೇಕೇಬೇಕು.

ಹೆಸರುಗಳನ್ನು ಕೊನೆಗೆ ಇಡಿ. ‘ಉತ್ತರದ ನಡುಗಡ್ಡೆ’, ‘ಮೂರನೆಯ ದ್ವೀಪ’ ಎಂಬಂಥವು ಒಂದು ಬಿರುಗಾಳಿಗೆ ಸುಳ್ಳಾಗುತ್ತವೆ. ಯಾರು ಹೊಲಿದರು, ಯಾವ ಮಳೆಗೆ ಸೀಳಿತು, ಯಾವುದರಿಂದ ಕೊಯ್ದದ್ದು ಎಂಬುದನ್ನು ಹೇಳುವ ಹೆಸರಾದರೆ, ದ್ವೀಪ ಎಲ್ಲಿಗೆ ತೇಲಿಹೋದರೂ ಅದರ ಜೊತೆಗೇ ಹೋಗುತ್ತದೆ.