ಎಬಿಎಸ್ ದೀಪ ಆರುತ್ತಿಲ್ಲವೇ? ಸೆನ್ಸರ್ ಕೊಳ್ಳುವ ಮುಂಚೆ ಇಷ್ಟು ನೋಡಿ

ಹತ್ತು ಹನ್ನೆರಡು ವರ್ಷ ಓಡಿದ ಕಾರಿನಲ್ಲಿ ಹಳದಿ ಎಬಿಎಸ್ (ಆ್ಯಂಟಿಲಾಕ್ ಬ್ರೇಕ್) ದೀಪ ಹೊತ್ತಿಕೊಂಡು ಕೂತರೆ ಗ್ಯಾರೇಜಿನಲ್ಲಿ ಸಿಗುವ ಉತ್ತರ ಬಹುಪಾಲು ಒಂದೇ: ‘ಸೆನ್ಸರ್ ಹೋಗಿದೆ, ಚೇಂಜ್ ಮಾಡ್ಬೇಕು.’ ದುಡ್ಡು ಕೊಟ್ಟು ಬದಲಿಸಿದ ಮೇಲೂ ದೀಪ ಮರಳಿ ಬರುವುದುಂಟು. ಸ್ಕ್ಯಾನರ್ ತೋರಿಸುವ ಕೋಡ್ ಯಾವ ಚಕ್ರದಲ್ಲಿ ತೊಂದರೆ ಎಂದು ಹೇಳುತ್ತದೆಯೇ ಹೊರತು ಯಾವ ಭಾಗ ಕೆಟ್ಟಿದೆ ಎಂದಲ್ಲ. ಆ ಮೂಲೆಯಲ್ಲಿ ಚಕ್ರದ ವೇಗ ಅಳೆಯುವ ಸೆನ್ಸರ್ ಜೊತೆಗೆ ಅದರ ವೈರು, ವೈರುಗಳನ್ನು ಜೋಡಿಸುವ ಕಪ್ಲರ್, ಸೆನ್ಸರಿನ ಎದುರು ಚಕ್ರದೊಂದಿಗೆ ತಿರುಗುವ ಹಲ್ಲಿನ ರಿಂಗ್, ಬೇರಿಂಗ್ ಎಲ್ಲವೂ ಇವೆ. ಯಾವುದು ಕೈಕೊಟ್ಟರೂ ಕೋಡ್ ಹೆಚ್ಚುಕಡಿಮೆ ಅದೇ ಬರುತ್ತದೆ. ಒಂದು ಸಾಧಾರಣ ಡಿಜಿಟಲ್ ಮಲ್ಟಿಮೀಟರ್, ಜಾಕ್, ಎರಡು ಸ್ಟ್ಯಾಂಡ್, 10 ಎಂಎಂ ಸಾಕೆಟ್, ಅರ್ಧ ದಿನದ ಬಿಡುವು ಇದ್ದರೆ ಇವುಗಳನ್ನು ಬೇರ್ಪಡಿಸಿ ನೋಡಬಹುದು.

ಮೊದಲು ಸುರಕ್ಷತೆಯ ಮಾತು. ಹಳದಿ ಎಬಿಎಸ್ ದೀಪ ಮಾತ್ರ ಹೊತ್ತಿದ್ದರೆ ಸಾಮಾನ್ಯ ಬ್ರೇಕ್ ಕೆಲಸ ಮಾಡುತ್ತಿರುತ್ತದೆ, ಜೋರಾಗಿ ಒತ್ತಿದಾಗ ಚಕ್ರ ಲಾಕ್ ಆಗದಂತೆ ತಡೆಯುವ ವ್ಯವಸ್ಥೆ ಮಾತ್ರ ಇರುವುದಿಲ್ಲ. ಜೊತೆಗೆ ಕೆಂಪು ಬ್ರೇಕ್ ದೀಪವೂ ಹೊತ್ತಿದ್ದರೆ ವಿಷಯ ಬೇರೆ. ಬ್ರೇಕ್ ಆಯಿಲ್ ಇಳಿದಿರಬಹುದು, ಇಲ್ಲವೇ ಹಿಂದಿನ ಚಕ್ರಗಳಿಗೆ ಹೋಗುವ ಒತ್ತಡವನ್ನು ಹಂಚುವ ಇಬಿಡಿ ಕೂಡ ನಿಂತಿರಬಹುದು. ಇಬಿಡಿ ನಿಂತ ಕಾರಿನಲ್ಲಿ ಗಟ್ಟಿಯಾಗಿ ಬ್ರೇಕ್ ಒತ್ತಿದರೆ ಹಿಂದಿನ ಚಕ್ರ ಮೊದಲು ಲಾಕ್ ಆಗಿ ಕಾರು ಅಡ್ಡ ತಿರುಗುವ ಅಪಾಯವಿದೆ. ಎರಡೂ ದೀಪ ಇಟ್ಟುಕೊಂಡು ಘಾಟಿ ಇಳಿಯಬೇಡಿ.

ದೀಪ ಹೊತ್ತುವ ಹೊತ್ತೇ ಮೊದಲ ಸುಳಿವು

ಕೀ ತಿರುಗಿಸಿದಾಗ ಎಬಿಎಸ್ ದೀಪ ಎರಡು ಮೂರು ಸೆಕೆಂಡ್ ಹೊತ್ತಿ ಆರಬೇಕು. ಹೊತ್ತಲೇ ಇಲ್ಲವೆಂದರೆ ಖುಷಿಪಡಬೇಡಿ, ಹಿಂದಿನ ಮಾಲೀಕರು ಬಲ್ಬನ್ನೇ ಕಿತ್ತಿರಬಹುದು. ಸೆಕೆಂಡ್‌ಹ್ಯಾಂಡ್ ಕಾರು ನೋಡಲು ಹೋದವರು ಮೊದಲು ಗಮನಿಸಬೇಕಾದ್ದು ಇದನ್ನು.

ದೀಪ ಆರದೇ ಹಾಗೇ ಉಳಿದರೆ ದೋಷ ಬಹುಪಾಲು ವಿದ್ಯುತ್ತಿನದು: ವೈರ್ ತುಂಡಾಗಿದೆ, ಶಾರ್ಟ್ ಆಗಿದೆ, ಫ್ಯೂಸ್ ಹೋಗಿದೆ ಅಥವಾ ಎಬಿಎಸ್ ನಡೆಸುವ ಕಂಪ್ಯೂಟರ್, ಅಂದರೆ ಮಾಡ್ಯೂಲ್ ಕೆಟ್ಟಿದೆ. ನಿಂತ ಕಾರಿನಲ್ಲೂ ಮಾಡ್ಯೂಲ್ ಸೆನ್ಸರಿನ ಸರ್ಕ್ಯೂಟನ್ನು ಪರೀಕ್ಷಿಸುತ್ತಿರುತ್ತದೆ, ಹಾಗಾಗಿ ಇಂಥದ್ದು ಕೂಡಲೇ ಗೊತ್ತಾಗುತ್ತದೆ. ದೀಪ ಆರಿ, ಕಾರು 10–20 ಕಿ.ಮೀ. ವೇಗ ದಾಟಿದ ಮೇಲೆ ಮತ್ತೆ ಹೊತ್ತಿದರೆ ಸರ್ಕ್ಯೂಟ್ ಸರಿಯಿದೆ, ಸಿಗ್ನಲ್ ಸರಿಯಿಲ್ಲ ಎಂದರ್ಥ. ಆಗ ಅನುಮಾನ ರಿಂಗ್, ರಿಂಗಿಗೂ ಸೆನ್ಸರಿಗೂ ನಡುವಿನ ಗ್ಯಾಪ್, ಕೊಳೆಯ ಮೇಲೆ. ಸ್ಟೇರಿಂಗ್ ಪೂರ್ತಿ ತಿರುಗಿಸಿದಾಗ ಅಥವಾ ಹಂಪ್ ಹಾರಿದಾಗ ಮಾತ್ರ ಹೊತ್ತಿದರೆ ಒಳಗೆ ಮುರಿದ ವೈರು ಇಲ್ಲವೇ ಆಟ ಬಂದ ಬೇರಿಂಗ್.

ಇನ್ನೊಂದು ಲಕ್ಷಣಕ್ಕೆ ದೀಪವೇ ಬರುವುದಿಲ್ಲ. ಒಣ ರಸ್ತೆಯಲ್ಲಿ ನಿಧಾನವಾಗಿ ನಿಲ್ಲಿಸುವಾಗ, ಇನ್ನೇನು ಕಾರು ನಿಲ್ಲಬೇಕು ಎನ್ನುವಾಗ ಪೆಡಲ್ ಗಡಗಡ ಎನ್ನುತ್ತದೆ. ಒಂದು ಚಕ್ರದ ಸಿಗ್ನಲ್ ಉಳಿದವಕ್ಕಿಂತ ಮೊದಲೇ ಸತ್ತುಹೋಗುತ್ತಿದೆ; ಆ ಚಕ್ರ ಲಾಕ್ ಆಯಿತೆಂದು ತಿಳಿದು ಮಾಡ್ಯೂಲ್ ಅದರ ಬ್ರೇಕನ್ನು ಬಿಡುತ್ತಿದೆ. ನಿಲ್ಲುವ ದೂರ ಹೆಚ್ಚುವುದರಿಂದ ದೀಪ ಹೊತ್ತಿರುವುದಕ್ಕಿಂತ ಇದೇ ಹೆಚ್ಚು ಅಪಾಯಕಾರಿ.

ಸೆನ್ಸರಿಗೆ ಕೈಹಾಕುವ ಮುಂಚೆ ಬ್ಯಾಟರಿ ಅಳೆಯಿರಿ. ಎಂಜಿನ್ ಆಫ್ ಇದ್ದಾಗ 12.4 ವೋಲ್ಟ್‌ಗಿಂತ ಮೇಲೆ, ಓಡುವಾಗ ಸುಮಾರು 13.8ರಿಂದ 14.4 ವೋಲ್ಟ್ ಇರಬೇಕು. ಸೊರಗಿದ ಬ್ಯಾಟರಿಯೂ ಎಬಿಎಸ್ ದೀಪ ಹೊತ್ತಿಸುತ್ತದೆ. ನಾಲ್ಕೂ ಟೈರ್ ಒಂದೇ ಸೈಜಿನವೇ, ಗಾಳಿ ಸಮನಾಗಿದೆಯೇ ನೋಡಿ. ಸೈಜ್ ಬೇರೆಯಾದ ಸ್ಟೆಪ್ನಿ ಹಾಕಿಕೊಂಡು ಓಡಿಸಿದರೆ ಆ ಚಕ್ರದ ವೇಗ ಉಳಿದವಕ್ಕೆ ಹೊಂದುವುದಿಲ್ಲ.

ಕೋಡ್ ಓದಿಸುವುದು

ಆನ್‌ಲೈನಿನಲ್ಲಿ ಸಿಗುವ ಅಗ್ಗದ ಬ್ಲೂಟೂತ್ ಸ್ಕ್ಯಾನರ್‌ಗಳು ಸಾಮಾನ್ಯವಾಗಿ ಎಂಜಿನ್ ಕೋಡನ್ನಷ್ಟೇ ಓದುತ್ತವೆ. ನಿಮ್ಮ ಕಂಪನಿಯ ಕಾರಿನ ಎಬಿಎಸ್ ಓದುವ ಸ್ಕ್ಯಾನರ್ ಇರುವ ಗ್ಯಾರೇಜಿಗೆ ಹೋಗಿ ಕೋಡ್ ಓದಿಸಿ, ಫೋಟೊ ತೆಗೆದುಕೊಳ್ಳಿ, ಆಮೇಲೆ ಅಳಿಸಲು ಹೇಳಿ. ಸಾಮಾನ್ಯ ಪಟ್ಟಿಯಲ್ಲಿ ಸಿ0035 ಮುಂದಿನ ಎಡ, ಸಿ0040 ಮುಂದಿನ ಬಲ, ಸಿ0045 ಹಿಂದಿನ ಎಡ, ಸಿ0050 ಹಿಂದಿನ ಬಲ ಚಕ್ರ. ಎಷ್ಟೋ ಕಂಪನಿಗಳು ತಮ್ಮದೇ ಸಂಖ್ಯೆ ಇಟ್ಟುಕೊಂಡಿವೆ, ಆದ್ದರಿಂದ ಸಂಖ್ಯೆಯ ಜೊತೆಗೆ ಪರದೆಯಲ್ಲಿನ ವಿವರಣೆಯನ್ನೂ ಓದಿ. ಎಡ ಬಲ ಯಾವಾಗಲೂ ಚಾಲಕನ ಸೀಟಿನಲ್ಲಿ ಮುಂದಕ್ಕೆ ಮುಖಮಾಡಿ ಕೂತ ಲೆಕ್ಕ. ಕಾರಿನ ಮುಂದೆ ನಿಂತು ಎಣಿಸಿ ತಪ್ಪು ಚಕ್ರ ಬಿಚ್ಚುವುದು ಹೊಸಬರಲ್ಲಿ ಬಹಳ.

ಸ್ಕ್ಯಾನರಿನಲ್ಲಿ ಓಡುತ್ತಿರುವಾಗಲೇ ನಾಲ್ಕು ಚಕ್ರದ ವೇಗ ತೋರಿಸುವ ಲೈವ್ ಡೇಟಾ ಇದ್ದರೆ ಒಬ್ಬರು ನೇರ ರಸ್ತೆಯಲ್ಲಿ 20 ಕಿ.ಮೀ. ವೇಗದಲ್ಲಿ ಓಡಿಸಲಿ, ಪಕ್ಕದವರು ನಾಲ್ಕು ಅಂಕಿಗಳನ್ನು ನೋಡಲಿ. ನಾಲ್ಕೂ ಒಂದಕ್ಕೊಂದು ಹತ್ತಿರವಿರಬೇಕು. ಒಂದು ಪೂರ್ತಿ ಸೊನ್ನೆ ತೋರಿಸಿದರೆ ಸರ್ಕ್ಯೂಟ್ ಹೋಗಿದೆ, ಇಲ್ಲವೇ ಅಲ್ಲಿ ರಿಂಗೇ ಇಲ್ಲ. ನಡುನಡುವೆ ಜಿಗಿದರೆ ರಿಂಗ್ ಬಿರುಕು. ನಿಲ್ಲಿಸುವಾಗ ಒಂದೇ ಬೇಗ ಸೊನ್ನೆಗೆ ಬಿದ್ದರೆ ಗ್ಯಾಪ್ ಹೆಚ್ಚಾಗಿದೆ. ಎಷ್ಟೋ ಸಲ ಇಲ್ಲಿಗೇ ಅರ್ಧ ಕೆಲಸ ಮುಗಿದಿರುತ್ತದೆ.

ಚಕ್ರ ಬಿಚ್ಚಿ ಕಣ್ಣಿನಿಂದ ನೋಡಿ

ಸಮತಟ್ಟಾದ ನೆಲದಲ್ಲಿ ನಿಲ್ಲಿಸಿ, ಎತ್ತದ ಚಕ್ರಗಳಿಗೆ ಎರಡೂ ಕಡೆ ಕಲ್ಲು ಕೊಡಿ. ಜಾಕ್ ನಂಬಿ ಕೆಳಗೆ ಕೈಹಾಕಬೇಡಿ, ಸ್ಟ್ಯಾಂಡ್ ಇಡಿ. ಮುಂದಿನ ಚಕ್ರ ತಿರುಗಿಸಲು ಗೇರ್ ನ್ಯೂಟ್ರಲ್‌ನಲ್ಲಿರಬೇಕು. ಹಿಂದಿನದಕ್ಕಾದರೆ ಹ್ಯಾಂಡ್‌ಬ್ರೇಕ್ ಇಳಿಸಬೇಕಾಗುತ್ತದೆ. ಆಗ ಮುಂದಿನ ಚಕ್ರದ ಕಲ್ಲುಗಳೇ ಆಧಾರ, ಸರಿಯಾಗಿ ಬಿಗಿಯಿರಿ.

ಸೆನ್ಸರಿನಿಂದ ಹೊರಟ ವೈರನ್ನು ಬೆರಳಿನಿಂದ ಮುಟ್ಟುತ್ತಾ ಬಾಡಿಯೊಳಗೆ ಹೋಗುವವರೆಗೂ ಹಿಂಬಾಲಿಸಿ. ಮುಂದಿನ ಚಕ್ರಗಳಲ್ಲಿ ಅದು ಸ್ಟ್ರಟ್‌ಗೆ (ಸಸ್ಪೆನ್ಷನ್ ಕಂಬ) ಕ್ಲಿಪ್ ಆದ ಜಾಗಕ್ಕೂ ಬಾಡಿಯ ರಬ್ಬರ್ ಬುಷ್‌ಗೂ ನಡುವೆ ಪ್ರತಿ ತಿರುವಿನಲ್ಲೂ ಬಾಗುತ್ತದೆ, ಒಳಗಿನ ತಾಮ್ರ ತುಂಡಾಗುವುದು ಅಲ್ಲೇ. ಮೇಲಿನ ರಬ್ಬರ್ ಮಾತ್ರ ಹೊಸದರಂತೆ ಕಾಣುತ್ತಿರುತ್ತದೆ. ಸ್ಟ್ರಟ್ ಬದಲಿಸಿದವರು ಕ್ಲಿಪ್ ಹಾಕದೇ ಬಿಟ್ಟಿದ್ದರೆ ವೈರು ಟೈರಿಗೆ ಉಜ್ಜಿ ಸವೆದಿರುತ್ತದೆ. ತೋಟದ ಮನೆಯ ಶೆಡ್ಡಿನಲ್ಲೋ ಅಪಾರ್ಟ್‌ಮೆಂಟಿನ ನೆಲಮಾಳಿಗೆಯಲ್ಲೋ ನಿಲ್ಲಿಸುವ ಕಾರಾದರೆ ಇಲಿ ಕಡಿದ ಗುರುತು ಹುಡುಕಿ. ಕಪ್ಲರ್ ಬಿಚ್ಚಿ ನೋಡಿ: ಪಿನ್ನಿನ ಮೇಲೆ ಹಸಿರು ಕಿಲುಬು ಕಂಡರೆ ಕಾಂಟ್ಯಾಕ್ಟ್ ಕ್ಲೀನರ್ ಹೊಡೆದು ಒಣಗಿಸಿ, ಮತ್ತೆ ಹಾಕಿ ಓಡಿಸಿ ನೋಡಿ. ಮಳೆಗಾಲದಲ್ಲಿ ಮಾತ್ರ ಬರುವ ದೀಪ ಇಷ್ಟಕ್ಕೇ ಹೋದರೂ ಹೋಯಿತು.

ಮೀಟರ್ ಹಿಡಿಯುವ ಮುನ್ನ: ಯಾವ ಜಾತಿಯ ಸೆನ್ಸರ್?

ಎರಡು ಬಗೆ ಇವೆ. ಹಳೆಯದು ಪ್ಯಾಸಿವ್. ಅಯಸ್ಕಾಂತಕ್ಕೆ ಸುತ್ತಿದ ತಂತಿಯ ಸುರುಳಿ ಅದು. ಎದುರಿಗೆ ಹಲ್ಲಿನ ರಿಂಗ್ ತಿರುಗಿದಾಗ ತಾನೇ ಎಸಿ ವೋಲ್ಟೇಜ್ ಹುಟ್ಟಿಸುತ್ತದೆ. ಚಕ್ರ ನಿಧಾನವಾದಷ್ಟೂ ವೋಲ್ಟೇಜ್ ಕುಗ್ಗುತ್ತದೆ, ಹೀಗಾಗಿ ತೀರಾ ಕಡಿಮೆ ವೇಗದಲ್ಲಿ ಇದು ಕುರುಡು. ಹೊಸದು ಆ್ಯಕ್ಟಿವ್. ಅದರೊಳಗೆ ಚಿಪ್ ಇದೆ, ಮಾಡ್ಯೂಲಿನಿಂದ ವಿದ್ಯುತ್ ಬೇಕು, ವೇಗವನ್ನು ಸುಮಾರು 7 ಮತ್ತು 14 ಮಿಲಿಆಂಪಿಯರ್ ನಡುವೆ ಏರಿಳಿಯುವ ಕರೆಂಟಿನಿಂದ ತಿಳಿಸುತ್ತದೆ. ಎರಡಕ್ಕೂ ಎರಡೇ ವೈರು, ಹೊರನೋಟಕ್ಕೆ ವ್ಯತ್ಯಾಸ ಗೊತ್ತಾಗುವುದಿಲ್ಲ.

ಗುರುತಿಸಲು ಕಪ್ಲರ್ ಬಿಚ್ಚಿ, ಕಾರಿನ ಕಡೆಯ ಎರಡು ಪಿನ್‌ಗಳಿಗೆ ಮೀಟರನ್ನು ಡಿಸಿ ವೋಲ್ಟ್‌ನಲ್ಲಿ ಹಿಡಿದು ಬೇರೆಯವರಿಂದ ಕೀ ಆನ್ ಮಾಡಿಸಿ. ಬ್ಯಾಟರಿಗೆ ಹತ್ತಿರದ ವೋಲ್ಟೇಜ್ ಬಂದರೆ ಆ್ಯಕ್ಟಿವ್. ಕೆಲವು ಮಾಡ್ಯೂಲ್‌ಗಳು ಸೆನ್ಸರ್ ಕಾಣದಿದ್ದರೆ ಕ್ಷಣದಲ್ಲೇ ಸರಬರಾಜು ನಿಲ್ಲಿಸುತ್ತವೆ, ಹಾಗಾಗಿ ಕೀ ತಿರುಗಿಸುವ ಹೊತ್ತಿಗೇ ಕಣ್ಣು ಮೀಟರಿನ ಮೇಲಿರಲಿ. ಏನೂ ಬಾರದಿದ್ದರೆ ಇನ್ನೊಂದು ಚಕ್ರದಲ್ಲೂ ನೋಡಿ ತೀರ್ಮಾನಿಸಿ. ಅಲ್ಲೂ ಬಾರದಿದ್ದರೆ ಪ್ಯಾಸಿವ್ ಇರಬೇಕು. ಅಲ್ಲಿ ಬಂದು ಇಲ್ಲಿ ಬಾರದಿದ್ದರೆ ದೋಷ ಕಾರಿನ ಕಡೆಯ ವೈರಿಂಗಿನಲ್ಲಿದೆ, ಸೆನ್ಸರಿನಲ್ಲಲ್ಲ.

ಪ್ಯಾಸಿವ್ ಸೆನ್ಸರಿಗೆ ಮೂರು ಅಳತೆ. ಕೀ ಆಫ್ ಮಾಡಿ ಸೆನ್ಸರಿನ ಎರಡು ಪಿನ್ ನಡುವೆ ಓಮ್ ಅಳೆಯಿರಿ. ಸಾಮಾನ್ಯವಾಗಿ 800ರಿಂದ 2,500 ಓಮ್ ಬರುತ್ತದೆ; ನಿಮ್ಮ ಕಾರಿನ ನಿಖರ ಅಂಕಿ ಸಿಗದಿದ್ದರೆ ಅದೇ ಆ್ಯಕ್ಸಲ್‌ನ ಇನ್ನೊಂದು ಬದಿಯ ಸೆನ್ಸರೇ ಮಾದರಿ. ಓದುತ್ತಿರುವಾಗಲೇ ವೈರನ್ನು ಉದ್ದಕ್ಕೂ ಬಾಗಿಸಿ, ಸ್ಟೇರಿಂಗನ್ನು ಎರಡೂ ಕಡೆ ತಿರುಗಿಸಿ. ಅಂಕಿ ಹಾರಿ ‘ಓಪನ್’ ಆದರೆ ವೈರು ಸಿಕ್ಕಿಬಿತ್ತು. ಎರಡನೆಯದು, ಒಂದು ಪಿನ್‌ನಿಂದ ಕಾರಿನ ಲೋಹಕ್ಕೆ: ಇಲ್ಲಿ ಏನೂ ಓದಬಾರದು, ಓದಿದರೆ ಒಳಗೆ ನೀರು ಇಳಿದಿದೆ ಅಥವಾ ವೈರಿನ ಮೈ ಸುಲಿದಿದೆ. ಮೂರನೆಯದೇ ನಿಜವಾದ ಪರೀಕ್ಷೆ. ಮೀಟರನ್ನು ಎಸಿ ಮಿಲಿವೋಲ್ಟ್‌ಗೆ ತಿರುಗಿಸಿ, ಚಕ್ರವನ್ನು ಕೈಯಿಂದ ಸೆಕೆಂಡಿಗೆ ಒಂದು ಸುತ್ತಿನಂತೆ ತಿರುಗಿಸಿ. ನೂರಕ್ಕೂ ಹೆಚ್ಚು ಮಿಲಿವೋಲ್ಟ್ ಬಂದು, ವೇಗ ಹೆಚ್ಚಿಸಿದಂತೆ ಏರಬೇಕು. ಓಮ್ ಸರಿಯಿದ್ದು ಇದು ಕಡಿಮೆಯಾದರೆ ಸೆನ್ಸರ್ ಬದಲಿಸಿ ಪ್ರಯೋಜನವಿಲ್ಲ. ರಿಂಗನ್ನೂ ಗ್ಯಾಪನ್ನೂ ನೋಡಬೇಕು. ಡಿಸಿಯಲ್ಲಿ ಅಳೆದು ‘ಸೊನ್ನೆ ಬರ್ತಿದೆ’ ಎಂದು ಒಳ್ಳೆಯ ಸೆನ್ಸರ್ ಎಸೆಯುವವರೂ ಇದ್ದಾರೆ.

ಆ್ಯಕ್ಟಿವ್ ಸೆನ್ಸರನ್ನು ಓಮ್‌ನಲ್ಲಿ ಅಳೆಯಬೇಡಿ. ಚಿಪ್ಪಿಗೆ ಅದು ಅರ್ಥವಾಗುವ ಪರೀಕ್ಷೆಯಲ್ಲ, ಕೆಡುವ ಸಾಧ್ಯತೆಯೂ ಇದೆ. ಬದಲಿಗೆ ಒಂದು 12 ವೋಲ್ಟ್ ಬ್ಯಾಟರಿ, ಒಂದು 100 ಓಮ್ ರೆಸಿಸ್ಟರ್ ತೆಗೆದುಕೊಳ್ಳಿ. ಬ್ಯಾಟರಿಯ ಪ್ಲಸ್ ಸೆನ್ಸರಿನ ಪ್ಲಸ್‌ಗೆ, ಸೆನ್ಸರಿನ ಇನ್ನೊಂದು ವೈರು ರೆಸಿಸ್ಟರ್ ಮೂಲಕ ಬ್ಯಾಟರಿಯ ಮೈನಸ್‌ಗೆ. ಯಾವ ಪಿನ್ ಪ್ಲಸ್ ಎಂಬುದನ್ನು ಕಾರಿನ ಕಡೆಯ ಕಪ್ಲರ್‌ನಲ್ಲಿ ಮುಂಚೆಯೇ ಅಳೆದಿಟ್ಟುಕೊಳ್ಳಿ. ರೆಸಿಸ್ಟರ್ ಇಲ್ಲದೆ ನೇರ ಕೊಟ್ಟರೆ ಸೆನ್ಸರ್ ಸುಡಬಹುದು. ಈಗ ರೆಸಿಸ್ಟರಿನ ಎರಡು ತುದಿಗೆ ಮೀಟರ್ ಹಿಡಿದು ಚಕ್ರವನ್ನು ಇಂಚಿಂಚೇ ತಿರುಗಿಸಿ. ಸುಮಾರು 0.7 ಮತ್ತು 1.4 ವೋಲ್ಟ್ ನಡುವೆ ಅಂಕಿ ಹಾರುತ್ತಿದ್ದರೆ ಸೆನ್ಸರೂ ರಿಂಗೂ ಬದುಕಿವೆ. ಒಂದೇ ಕಡೆ ನಿಂತರೆ ಎರಡರಲ್ಲೊಂದು ಹೋಗಿದೆ. ತಿರುಗುವ ದಿಕ್ಕನ್ನೂ ತಿಳಿಸುವ ಈಚಿನ ಸೆನ್ಸರ್‌ಗಳ ಮಿಡಿತ ಬಹಳ ಚಿಕ್ಕದು, ಮೀಟರ್ ಅದನ್ನು ಹಿಡಿಯುವುದಿಲ್ಲ. ಅವಕ್ಕೆ ಲೈವ್ ಡೇಟಾ ಒಂದೇ ದಾರಿ.

ರಿಂಗ್ ಮತ್ತು ಬೇರಿಂಗ್

ಮುಂದಿನ ಚಕ್ರಗಳಲ್ಲಿ ಹಲ್ಲಿನ ರಿಂಗ್ ಸಾಮಾನ್ಯವಾಗಿ ಎಂಜಿನ್ನಿನ ಶಕ್ತಿಯನ್ನು ಚಕ್ರಕ್ಕೆ ತರುವ ಡ್ರೈವ್‌ಶಾಫ್ಟಿನ ಹೊರ ಜಾಯಿಂಟ್ ಮೇಲೆ ಬಿಗಿಯಾಗಿ ಕೂತಿರುತ್ತದೆ. ಕೆಳಗೆ ತುಕ್ಕು ಹಿಡಿದು ಉಬ್ಬಿದಾಗ ರಿಂಗ್ ಸೀಳಿ, ಒಂದು ಜಾಗದಲ್ಲಿ ಹಲ್ಲುಗಳ ಅಂತರ ಹಿಗ್ಗುತ್ತದೆ. ಪ್ರತಿ ಸುತ್ತಿಗೊಮ್ಮೆ ಸಿಗ್ನಲ್ ತಪ್ಪಲು ಅಷ್ಟು ಸಾಕು. ಟಾರ್ಚ್ ಹಿಡಿದು ಚಕ್ರವನ್ನು ಪೂರ್ತಿ ಒಂದು ಸುತ್ತು ತಿರುಗಿಸಿ ಎಲ್ಲ ಹಲ್ಲನ್ನೂ ನೋಡಬೇಕು; ಬಿರುಕು ಹೆಚ್ಚಾಗಿ ಎರಡು ಹಲ್ಲಿನ ನಡುವಿನ ತಗ್ಗಿನಲ್ಲಿರುತ್ತದೆ.

ನಮ್ಮಲ್ಲಿ ಒಂದು ವಿಶೇಷ ತೊಡಕಿದೆ. 2019ರ ಏಪ್ರಿಲ್‌ನಲ್ಲಿ ಎಲ್ಲ ಹೊಸ ಕಾರುಗಳಿಗೂ ಎಬಿಎಸ್ ಕಡ್ಡಾಯವಾಗುವ ಮುಂಚೆ ಅದು ಬಹುತೇಕ ಟಾಪ್ ಮಾಡೆಲ್‌ಗಳಿಗೆ ಸೀಮಿತವಾಗಿತ್ತು. ಹಾಗಾಗಿ ಒಂದೇ ಕಾರಿಗೆ ರಿಂಗ್ ಇರುವ, ಇಲ್ಲದ ಎರಡು ಬಗೆಯ ಡ್ರೈವ್‌ಶಾಫ್ಟ್ ಮಾರುಕಟ್ಟೆಯಲ್ಲಿವೆ. ಬೆಂಗಳೂರಿನ ಜೆ.ಸಿ. ರಸ್ತೆಯಲ್ಲಿ ಕೊಂಡರೂ ನಿಮ್ಮೂರ ಸ್ಪೇರ್ಸ್ ಅಂಗಡಿಯಲ್ಲಿ ಕೊಂಡರೂ ಹಳೆಯದನ್ನು ಜೊತೆಗೊಯ್ದು ಹಲ್ಲು ಎಣಿಸಿ ಹೋಲಿಸಿ. ಶಾಫ್ಟ್ ಬದಲಿಸಿದ ಮರುದಿನವೇ ದೀಪ ಬಂದಿದ್ದರೆ ಬೇರೆಲ್ಲೂ ಹುಡುಕುವ ಅಗತ್ಯವಿಲ್ಲ.

ಹಲವು ಆ್ಯಕ್ಟಿವ್ ಕಾರುಗಳಲ್ಲಿ ಹಲ್ಲೇ ಇರುವುದಿಲ್ಲ; ಬೇರಿಂಗಿನ ಸೀಲ್‌ನಲ್ಲೇ ಕಾಂತಪಟ್ಟಿ ಸೇರಿರುತ್ತದೆ. ಆ ಮುಖ ಸೆನ್ಸರ್ ಕಡೆಗಿರಬೇಕು. ಬೇರಿಂಗನ್ನು ತಿರುವುಮುರುವು ಒತ್ತಿದರೆ ಚಕ್ರ ಸೊಗಸಾಗಿ ತಿರುಗುತ್ತದೆ, ಎಬಿಎಸ್ ಮಾತ್ರ ಕೆಲಸ ಮಾಡದು. ಒತ್ತುವ ಮುಂಚೆ ಪೇಪರ್ ಕ್ಲಿಪ್ ತಾಗಿಸಿ ನೋಡಿ, ಕಾಂತದ ಮುಖಕ್ಕೆ ಅದು ಮೆಲ್ಲಗೆ ಅಂಟುತ್ತದೆ. ಸುತ್ತಿಗೆಯಿಂದ ಹೊಡೆದು ಕೂರಿಸಲು ಬಿಡಬೇಡಿ. ಹಾಕಿದ ಬೇರಿಂಗ್ ಪರೀಕ್ಷಿಸಲು ಎತ್ತಿದ ಚಕ್ರವನ್ನು ಮೇಲೆ ಕೆಳಗೆ ಹಿಡಿದು ಅಲುಗಿಸಿ. ಕಟಕಟ ಆಟ ಸಿಕ್ಕರೆ ಮೊದಲು ಬೇರಿಂಗ್, ಆಮೇಲೆ ಸೆನ್ಸರಿನ ಮಾತು.

ಸೆನ್ಸರ್ ತೆಗೆಯುವಾಗ

ಕಾರವಾರದಿಂದ ಉಳ್ಳಾಲದವರೆಗಿನ ಕಡಲಂಚಿನ ಕಾರುಗಳಲ್ಲಿ, ಮಲೆನಾಡಿನ ಮಳೆಯಲ್ಲಿ ತೊಯ್ದವುಗಳಲ್ಲಿ ಸೆನ್ಸರ್ ತಾನು ಕೂರುವ ಲೋಹದ ಭಾಗದೊಳಗೆ (ಗ್ಯಾರೇಜಿನವರು ಹೇಳುವ ‘ನಕಲ್’) ಕಚ್ಚಿಕೊಂಡಿರುತ್ತದೆ. ಬೋಲ್ಟ್ ಬಿಚ್ಚಿ, ಸುತ್ತಲೂ ತುಕ್ಕು ಸಡಿಲಿಸುವ ಸ್ಪ್ರೇ ಹೊಡೆದು ಅರ್ಧ ಗಂಟೆ ಬಿಡಿ. ಎಳೆಯುವ ಬದಲು ಎಡಕ್ಕೆ ಬಲಕ್ಕೆ ತುಸು ತುಸು ತಿರುಗಿಸುತ್ತಾ ಎತ್ತಿ. ಸ್ಕ್ರೂಡ್ರೈವರ್ ಹಾಕಿ ಮೀಟಿದರೆ ಪ್ಲಾಸ್ಟಿಕ್ ತಲೆ ಮುರಿದು ಕೈಗೆ ಬರುತ್ತದೆ, ಒಳಗಿನ ಚೂರನ್ನು ಡ್ರಿಲ್ ಮಾಡಿ ತೆಗೆಯುವ ಫಜೀತಿ.

ಹೊರಬಂದ ಸೆನ್ಸರಿನ ತುದಿಯಲ್ಲಿ ಕಪ್ಪು ಮೀಸೆ ಇದ್ದರೆ ಅದು ಬ್ರೇಕ್ ಸವೆದ ಕಬ್ಬಿಣದ ಪುಡಿ, ಬಟ್ಟೆಯಿಂದ ಒರೆಸಿ. ಸೆನ್ಸರ್ ಕೂರುವ ಜಾಗದ ತುಕ್ಕನ್ನು ಎಮೆರಿ ಪೇಪರಿನಿಂದ ಲೋಹ ಹೊಳೆಯುವವರೆಗೆ ಉಜ್ಜಬೇಕು. ಆ ತುಕ್ಕಿನ ಪದರ ಸೆನ್ಸರನ್ನು ಕೂದಲೆಳೆಯಷ್ಟು ಎತ್ತಿದರೂ ಗ್ಯಾಪ್ ಕೆಡುತ್ತದೆ. ಪ್ಯಾಸಿವ್‌ನಲ್ಲಿ ಇದು ಒಂದು ಮಿಲಿಮೀಟರ್ ಆಸುಪಾಸಿನದು. ನಿಲ್ಲುವ ಮುನ್ನ ಪೆಡಲ್ ಗಡಗಡ ಎನ್ನುವ ಕಾರುಗಳಲ್ಲಿ ಈ ಉಜ್ಜುವಿಕೆಯನ್ನೇ ಮೊದಲು ಮಾಡಿ, ಸೆನ್ಸರ್ ದುಡ್ಡು ಉಳಿದೀತು. ಮತ್ತೆ ಕೂರಿಸುವಾಗ ಬಡಿಯಬೇಡಿ. ಚಿಕ್ಕ ಬೋಲ್ಟ್ ಅದು, 8–10 ನ್ಯೂಟನ್ ಮೀಟರ್ ಬಿಗಿ ಸಾಕು.

ವೈರು ಮಾತ್ರ ತುಂಡಾಗಿದ್ದು, ಅದು ಬಾಗದ ಜಾಗವಾದರೆ ಬೆಸುಗೆ ಹಾಕಿ ಹೀಟ್‌ಶ್ರಿಂಕ್ ಸ್ಲೀವ್ ಏರಿಸಬಹುದು. ಎರಡು ವೈರು ಒಂದಕ್ಕೊಂದು ಸುತ್ತಿಕೊಂಡಿದ್ದರೆ ಆ ಸುತ್ತನ್ನು ಉಳಿಸಿ, ಅದು ಬೇರೆ ವೈರಿಂಗಿನ ಗದ್ದಲವನ್ನು ತಡೆಯಲೆಂದೇ ಇರುವುದು. ಸ್ಟ್ರಟ್ ಪಕ್ಕದ ಬಾಗುವ ಜಾಗದಲ್ಲಿ ಬೆಸುಗೆ ಬಿರುಕು ಬಿಡುತ್ತದೆ. ಅಲ್ಲಿ ಸೆನ್ಸರನ್ನು ವೈರ್ ಸಮೇತ ಬದಲಿಸುವುದೇ ಸರಿ.

ಎಲ್ಲ ಮುಗಿದ ಮೇಲೆ ಕೋಡ್ ಅಳಿಸಿ, ನೇರ ರಸ್ತೆಯಲ್ಲಿ 40 ಕಿ.ಮೀ. ವೇಗ ದಾಟುವಷ್ಟು ಓಡಿಸಿ; ಚಕ್ರ ತಿರುಗಿ ಸಿಗ್ನಲ್ ಕಂಡ ಮೇಲಷ್ಟೇ ದೀಪ ಆರಿಸುವ ಮಾಡ್ಯೂಲ್‌ಗಳಿವೆ. ನಂತರ ಖಾಲಿ ಮೈದಾನದ ಮಣ್ಣಿನಲ್ಲಿ 30 ಕಿ.ಮೀ. ವೇಗದಿಂದ ಪೂರ್ತಿ ಬ್ರೇಕ್ ಒತ್ತಿ ನೋಡಿ. ಪೆಡಲ್ ಮಿಡಿಯಬೇಕು, ಸ್ಟೇರಿಂಗ್ ತಿರುಗಿಸಿದರೆ ಕಾರು ತಿರುಗಬೇಕು. ಇಷ್ಟಾಗಿಯೂ ಅದೇ ಚಕ್ರದ ಕೋಡ್ ಬಂದರೆ ಬ್ಯಾಟರಿಯ ಮೈನಸ್ ತೆಗೆದು ಮಾಡ್ಯೂಲಿನ ದೊಡ್ಡ ಕಪ್ಲರ್ ಬಿಚ್ಚಿ, ಅಲ್ಲಿಂದ ಸೆನ್ಸರ್ ಕಪ್ಲರ್‌ವರೆಗೆ ಎರಡೂ ವೈರನ್ನು ಓಮ್‌ನಲ್ಲಿ ಅಳೆಯಿರಿ. ಎರಡೂ 1 ಓಮ್ ಆಸುಪಾಸು ಬಂದು, ಅವುಗಳ ನಡುವೆಯೂ ಬಾಡಿಗೂ ಸಂಪರ್ಕವಿಲ್ಲದಿದ್ದರೆ ಉಳಿಯುವುದು ಮಾಡ್ಯೂಲ್. ಹಳೆಯ ಕಾರುಗಳಲ್ಲಿ ಅದರೊಳಗಿನ ಸಂಪರ್ಕಗಳು ಬಿರುಕು ಬಿಡುವುದುಂಟು. ಕೆಲವು ಕಾರುಗಳಲ್ಲಿ ಎಲೆಕ್ಟ್ರಾನಿಕ್ ಭಾಗವನ್ನಷ್ಟೇ ಹೈಡ್ರಾಲಿಕ್ ಪಂಪಿನಿಂದ ಬಿಡಿಸಿ ರಿಪೇರಿಗೆ ಕೊಡಬಹುದು, ಬ್ರೇಕ್ ಪೈಪ್ ಬಿಚ್ಚುವ ಪ್ರಮೇಯ ಬರುವುದಿಲ್ಲ; ಹೊಸ ಯೂನಿಟ್ಟಿಗೆ ಆರ್ಡರ್ ಕೊಡುವ ಮುಂಚೆ ಈ ದಾರಿ ಇದೆಯೇ ಎಂದು ಕೇಳಿ.